ತಿರುವುಮುರುವಾದ ಎರಡು ರೀಲು

ನನ್ನ ಬಟ್ಟೆ ಅಂಗಡಿಯ ಎದುರಿನ ಟಾಕೀಸಿನಲ್ಲಿ ಮೆಷಿನ್ ಓಡಿಸುತ್ತಿದ್ದವನನ್ನು ಬೀದಿಯೆಲ್ಲ ‘ಕತ್ತಲೆರಾಯ’ ಎನ್ನುತ್ತಿತ್ತು. ಹಗಲಿನಲ್ಲಿ ಕಣ್ಣು ಕಿರಿದು ಮಾಡಿಕೊಂಡೇ ನಡೆಯುವ ಆಸಾಮಿ. ಕ್ಯಾಬಿನ್ನಿನಲ್ಲಿ ಅವನ ಜೊತೆಗಾರ ಸ್ವಂತ ಅಕ್ಕನ ಗಂಡ. ಒಬ್ಬ ರೀಲು ಸುತ್ತಿ, ಡಬ್ಬಿಗೆ ನಂಬರಿನ ಚೀಟಿ ಅಂಟಿಸಿ ಸಾಲಾಗಿಟ್ಟರೆ ಮುಂದಿನ ಪಾಳಿಯವನು ಪರೀಕ್ಷಿಸದೆ ಏರಿಸಬೇಕು. ಪರೀಕ್ಷಿಸಿದರೆ ಜೊತೆಗಾರನಿಗೆ ಅವಮಾನ.

ಒಂದು ದಿನ ಮಾಲೀಕರು, ಆಟದ ನಡುವೆ ನಿದ್ದೆ ಹೊಡೆಯುತ್ತಾನೆಂದು ಇವನನ್ನು ಹೆಡ್ ಆಪರೇಟರ್ ಜಾಗದಿಂದ ಇಳಿಸಿ ಭಾವನನ್ನು ಕೂರಿಸಿದರು. ನಿದ್ದೆ ಹೊಡೆದದ್ದು ನಿಜವೇ. ಆದರೆ ಕ್ಯಾಬಿನ್ನಿಗೆ ಹೋಗಿಬರುವವರು ಇಬ್ಬರೇ. ಚಾಡಿ ಯಾರದೆಂದು ತಿಳಿಯಲು ಇವನಿಗೆ ಬಹಳ ಬುದ್ಧಿಯೇನೂ ಖರ್ಚಾಗಲಿಲ್ಲ.

ಆಗ ಓಡುತ್ತಿದ್ದದ್ದು ಕ್ರೈಮ್ ಚಿತ್ರ. ಗೆಳೆಯ ನಂಬಿಸಿ ನಾಯಕನನ್ನು ಜೈಲಿಗೆ ಕಳಿಸುತ್ತಾನೆ. ಹೊರಬಂದ ನಾಯಕ ಅವನನ್ನು ಹುಡುಕಿ ಮುಗಿಸುತ್ತಾನೆ. ದಿನಾ ನೋಡಿ ನೋಡಿ ಅದು ಇವನ ತಲೆಗೇರಿತ್ತು. ಭಾವನ ಪಾಳಿಗೆ ಮುಂಚೆ ಎರಡು ಡಬ್ಬಿಗಳ ಚೀಟಿ ಅದಲುಬದಲು ಮಾಡಿ ಮನೆಗೆ ಹೋದ. ಇಂಟರ್ವಲ್ಲಿಗೆ ಮುಂಚೆ ಗುಂಡೇಟು ತಿಂದು ಸತ್ತ ಗೆಳೆಯ, ಇಂಟರ್ವಲ್ ಆದಮೇಲೆ ನಗುನಗುತ್ತ ಬಂದು ನಾಯಕನ ಹೆಗಲ ಮೇಲೆ ಕೈ ಹಾಕಿದ. ಜನ ಕುರ್ಚಿ ಮುರಿದರು. ಭಾವನ ಕೆಲಸ ಅಂದೇ ಹೋಯಿತು.

ಮುಂದಿನ ವಾರ ಮಾಲೀಕರು ಪರದೆ ಬಟ್ಟೆ ಕೊಳ್ಳಲು ನನ್ನಲ್ಲಿಗೆ ಬಂದರು. ಹೊರಲು ಕತ್ತಲೆರಾಯನೂ ಬಂದಿದ್ದ.

“ನಿನ್ನ ಭಾವ ಒಳ್ಳೆಯೋನು ಕಣಯ್ಯಾ,” ಎಂದರು ಅವನಿಗೆ. “ನಿನ್ನ ಗೊರಕೆ ನಂಗೇ ಬಾಲ್ಕನಿಗೆ ಕೇಳಿಸ್ತಿತ್ತು. ತೆಗೆದೇ ಹಾಕ್ತಿದ್ದೆ. ‘ಮಗೂಗೆ ಜ್ವರ, ಪಾಪ ನಿದ್ದೆಗೆಟ್ಟಿದಾನೆ, ಬೇಕಾದ್ರೆ ಇಳಿಸಿ, ಬಿಡಿಸ್ಬೇಡಿ’ ಅಂತ ಬೇಡ್ಕೊಂಡಿದ್ದು ಅವನೇ.”

ಕತ್ತಲೆರಾಯ ಬಟ್ಟೆಯನ್ನು ಅಲ್ಲೇ ಬಿಟ್ಟು ನೆಟ್ಟಗೆ ಭಾವನ ಮನೆಗೆ ಹೋದ. ಭಾವ ಮೆಟ್ಟಿಲ ಮೇಲೆ ಕೂತು ಯಾರದೋ ಫ್ಯಾನು ರಿಪೇರಿ ಮಾಡುತ್ತಿದ್ದ.

“ಭಾವಾ, ಆ ಚೀಟಿ ಬದಲಿಸಿದ್ದು…”

“ಮೆಲ್ಲಗೆ ಮಾತಾಡೋ. ಅವತ್ತೇ ಗೊತ್ತಾಯ್ತು. ಕ್ಯಾಬಿನ್‌ಗೆ ಬೇರೆ ಯಾರು ಬರ್ತಾರೆ, ದೆವ್ವಾನಾ?”

“ಈಗ್ಲೇ ಹೋಗಿ ಮಾಲೀಕರಿಗೆ ಹೇಳ್ತೀನಿ.”

“ನನ್ನ ಜಾಗಕ್ಕೆ ಅವರ ಅಳಿಯ ಬಂದು ಕೂತಾಯ್ತು. ನೀನು ಹೇಳಿದ್ರೆ ನಿನ್ನ ಕೆಲಸಾನೂ ಹೋಗತ್ತೆ, ಅಷ್ಟೇ. ಇಬ್ರಿಗೂ ಸಾಕಾಗೋಷ್ಟು ಫ್ಯಾನು ಈ ಊರಲ್ಲಿ ಕೆಡಲ್ಲ.” ಭಾವ ಸ್ಕ್ರೂ ಬಿಗಿದ. “ನಿಮ್ಮಕ್ಕನಿಗೂ ಹೇಳ್ಬೇಡ. ಯಾರೋ ಡಬ್ಬಿ ಮುಟ್ಟಿದಾರೆ ಅಂತಷ್ಟೇ ಅವಳಿಗೆ ಗೊತ್ತು. ತವರು ಅಂತ ಅವಳಿಗಿರೋದು ನೀನೊಬ್ಬ.”

ಮುಖ ಬದಲಾಗದಂತೆ ಸುಳ್ಳನ್ನು ಒಳಗಿಟ್ಟುಕೊಳ್ಳುವುದು ನಮ್ಮಂಥ ವ್ಯಾಪಾರಿಗಳ ವಿದ್ಯೆ, ಇವನಿಗೆ ಒಲಿಯಲಿಲ್ಲ. ಹಗುರಾಗಲೆಂದು ನನ್ನ ಗಲ್ಲಾಪೆಟ್ಟಿಗೆಯ ಮುಂದೆ ಕೂತು ಹೇಳಿಕೊಳ್ಳುತ್ತಾನೆ. ಹಗುರಾಗಿ ಎದ್ದುಹೋದದ್ದನ್ನು ನಾನು ಕಂಡಿಲ್ಲ.

ರಜೆಯ ದಿನ ಊಟಕ್ಕೆ ಹೋದರೆ ಅಕ್ಕ ಬಡಿಸುತ್ತ ಶುರುಮಾಡುತ್ತಾಳೆ: “ಆ ಡಬ್ಬಿ ಮುಟ್ಟಿದೋನ ಕೈ ಸೇದಿಹೋಗ! ಅಲ್ವೇನೋ?”

ಭಾವ ತಟ್ಟೆ ನೋಡುತ್ತಾನೆ. ಇವನು “ಹೂಂ ಅಕ್ಕಾ” ಎನ್ನುತ್ತಾನೆ. ತಮ್ಮ ತನ್ನ ಪರವಾಗಿದ್ದಾನೆಂಬ ಸಮಾಧಾನಕ್ಕೆ ಅವಳು ಇನ್ನೊಂದು ಸೌಟು ಹಾಕುತ್ತಾಳೆ.