ತಂತಿ ಮುಟ್ಟದ ಕಮಾನು

ನಮ್ಮ ವಾದ್ಯವೃಂದದ ಪಿಟೀಲಿನವರೊಬ್ಬರಿಗೆ ಭಾವಜೀವಿ ಎಂದು ಅಡ್ಡಹೆಸರು. ಪಿಟೀಲನ್ನು ಗದ್ದಕ್ಕೊತ್ತಿ ಕಣ್ಣು ಮುಚ್ಚಿದರೆಂದರೆ ತಲೆ, ಭುಜ, ಸೊಂಟ ಎಲ್ಲ ತೂಗಾಡಬೇಕು. ಕಾರ್ಯಕ್ರಮ ಮುಗಿದ ಮೇಲೆ ಜನ ಅವರನ್ನೇ ಹುಡುಕಿಕೊಂಡು ಬಂದು ಕೈಕುಲುಕುತ್ತಿದ್ದರು. ಪಕ್ಕದ ಕುರ್ಚಿಯಲ್ಲಿ ಕೂತು ಇಬ್ಬರ ಪಾಲಿನ ಸ್ವರಪ್ರತಿಯ ಪುಟ ತಿರುಗಿಸುತ್ತಿದ್ದ ನನ್ನನ್ನು ಯಾರೂ ಮೂಸಿಯೂ ನೋಡುತ್ತಿರಲಿಲ್ಲ. ಹೊಟ್ಟೆ ಉರಿಯುತ್ತಿತ್ತು, ಸುಳ್ಳೇಕೆ ಹೇಳಲಿ? ಆದರೆ ನನ್ನ ತಿರಸ್ಕಾರಕ್ಕೆ ಕಾರಣ ಅದಲ್ಲ. ಆ ಮಹಾಶಯರು ನುಡಿಸುತ್ತಲೇ ಇರಲಿಲ್ಲ.

ಚಿಕ್ಕಂದಿನಲ್ಲಿ ಯಾವುದೋ ಸ್ಪರ್ಧೆಯಲ್ಲಿ ಬಹುಮಾನ ಬಂದಿತ್ತಂತೆ. ಮಗ ಮಹಾ ಮೇಧಾವಿ ಎಂದು ಅವರಮ್ಮ ಬೀದಿಗೆಲ್ಲ ಸಾರಿದರು. ಮಗರಾಯ ಅದನ್ನು ನಂಬಿ ಸಾಧನೆಗೆ ತಿಲಾಂಜಲಿ ಕೊಟ್ಟರು. ವೃಂದಕ್ಕೆ ಸೇರಿದ ಹೊಸದರಲ್ಲಿ ಒಂದು ವೇಗದ ಭಾಗ ಕೈಗೆ ಹತ್ತಲಿಲ್ಲ. ಕಮಾನನ್ನು ತಂತಿಯಿಂದ ಕೂದಲೆಳೆಯಷ್ಟು ಮೇಲೆತ್ತಿ, ಉಳಿದವರ ಜತೆ ಸುಮ್ಮನೆ ಎಳೆದರು. ಪಕ್ಕದಲ್ಲಿದ್ದ ನನಗೆ ಬಿಟ್ಟು ಬೇರೆ ಯಾರಿಗೂ ಗೊತ್ತಾಗಲಿಲ್ಲ. ಆಮೇಲೆ ಸುಲಭದ ಭಾಗಗಳಿಗೂ ಅದೇ ಉಪಾಯವಾಯಿತು. ಕಮಾನಿಗೆ ರಾಳ ಹಚ್ಚಿ ನುಡಿಸಿದರೆ ತಂತಿಯ ಕೆಳಗೆ ಬಿಳಿ ಪುಡಿ ಉದುರುತ್ತದೆ. ಇವರ ಪಿಟೀಲು ಮಾತ್ರ ಸದಾ ಥಳಥಳ. "ನೋಡ್ರೀ, ವಾದ್ಯಾನ ಎಷ್ಟು ಚೊಕ್ಕವಾಗಿ ಇಟ್ಕೊಂಡಿದ್ದಾರೆ!" ಎಂದು ಕೊಳಲಿನವರು ನಮಗೇ ಬುದ್ಧಿ ಹೇಳಿದ್ದುಂಟು. ಇಂಥ ಮೈಗಳ್ಳರು ಮನೆಯಲ್ಲಿ ಶಿಷ್ಯರನ್ನು ಬೇರೆ ಕೂರಿಸಿಕೊಂಡು ನಾದದ ಆತ್ಮದ ಬಗ್ಗೆ ಕೊರೆಯುತ್ತಿದ್ದರು.

ಒಮ್ಮೆ ತಡೆಯಲಾರದೆ ಕೇಳಿಯೇಬಿಟ್ಟೆ. "ಅಲ್ಲ ಸಾರ್, ಒಂದಿನಾನಾದ್ರೂ ತಂತಿ ಮುಟ್ಟಬಾರ್ದಾ?"

"ನಾದ ಒಳಗಿಂದ ಬರ್ಬೇಕು ಕಣಯ್ಯಾ," ಎಂದರು. ಕಪಾಳಕ್ಕೆ ಎರಡು ಬಿಗಿಯಬೇಕೆನಿಸಿತು.

ವೃಂದಕ್ಕೆ ಹೊಸ ನಿರ್ದೇಶಕಿ ಬಂದದ್ದೇ ಕೆಲಸ ಕೆಟ್ಟಿತು. ಮುಂದಿನ ವಾರ ಪಿಟೀಲಿನವರೆಲ್ಲ ಒಬ್ಬೊಬ್ಬರಾಗಿ ನುಡಿಸಬೇಕು, ಆಗದವರು ಕುರ್ಚಿ ಬಿಡಬೇಕು ಎಂದರು. ಭಾವಜೀವಿಯ ಮುಖ ಬಿಳಿಚಿಕೊಂಡಿತು. ಆ ಕುರ್ಚಿ ಹೋದರೆ ಶಿಷ್ಯರೂ ಹೋದಂತೆ, ಹೊಗಳಿಕೆಯೂ ಹೋದಂತೆ. ಮನೆಗೆ ಹೋಗಿ, ಬಾಗಿಲು ಹಾಕಿಕೊಂಡು, ನಿಜವಾಗಿಯೂ ಸಾಧನೆಗೆ ಕೂತರಂತೆ.

"ಪರವಾಗಿಲ್ಲ ಕಣ್ರೀ, ಕೈ ಮತ್ತೆ ಕೂತಿದೆ. ಅಡುಗೆಮನೇವರೆಗೂ ಕೇಳಿಸ್ತಿದೆ," ಎಂದು ಅವರ ಹೆಂಡತಿ ನನಗೆ ಫೋನಿನಲ್ಲಿ ಹೇಳಿದರು. ಆಕೆಯ ಖುಷಿ ಕೇಳಿ ಅಯ್ಯೋ ಪಾಪ ಅನಿಸಿತು.

ಪರೀಕ್ಷೆಯ ದಿನ ತಾಲೀಮಿನ ಕೋಣೆಯ ಕಿಟಕಿಗಳನ್ನೆಲ್ಲ ಮುಚ್ಚಿಸಿದ್ದರು. ಭಾವಜೀವಿಯ ಸರದಿ ಬಂತು. ಅವರು ನನ್ನ ಪಕ್ಕದ ಅದೇ ಹಳೆಯ ಕುರ್ಚಿಯಲ್ಲಿ ಕೂತು ಕಣ್ಣು ಮುಚ್ಚಿದರು. ತಲೆ ತೂಗಿತು, ಭುಜ ತೂಗಿತು. ಕಮಾನು ಬುಡದಿಂದ ತುದಿಯವರೆಗೆ ಸೊಗಸಾಗಿ ಹೋಗಿ ಬಂತು, ತಂತಿಯಿಂದ ಕೂದಲೆಳೆಯಷ್ಟು ಮೇಲೆ. ಮನೆಯಲ್ಲಿ ಕಲಿತದ್ದು ಮನೆಯಲ್ಲೇ ಉಳಿಯಿತು. ಆ ಕುರ್ಚಿಯಲ್ಲಿ ಕೂತರೆ ತೋಳಿಗೆ ಬರುತ್ತಿದ್ದದ್ದು ಇದೊಂದೇ. ಬೆರಳುಗಳು ಓಡುತ್ತಿದ್ದವು, ಹಣೆಯಲ್ಲಿ ಬೆವರಿತ್ತು. ಕೋಣೆಯಲ್ಲಿ ಗೋಡೆ ಗಡಿಯಾರದ ಸದ್ದು ಬಿಟ್ಟರೆ ಬೇರೇನೂ ಇಲ್ಲ. ನಗಬೇಕೆಂದು ವರ್ಷಗಟ್ಟಲೆ ಕಾದಿದ್ದ ನಾನು ಎಂದಿನಂತೆ ಅವರಿಗಾಗಿ ಪುಟ ತಿರುಗಿಸಿದೆ.

ಕೊನೆಯ ಸ್ವರವನ್ನು ನಿಧಾನವಾಗಿ ಎಳೆದು ಮುಗಿಸಿ, ಕಣ್ಣು ಬಿಟ್ಟು, ಬೆವರೊರೆಸಿಕೊಂಡರು. ಗೆದ್ದೆನೆಂಬ ಕಳೆ ಮುಖದ ಮೇಲೆ.

ನಿರ್ದೇಶಕಿ ಪೆನ್ನು ಹಿಡಿದು ಇನ್ನೂ ಅವರನ್ನೇ ನೋಡುತ್ತಿದ್ದರು.

"ಶುರು ಮಾಡಿ ಸಾರ್," ಎಂದರು. "ಎಲ್ಲ ಕಾಯ್ತಾ ಇದ್ದೀವಿ."