ಎತ್ತಿನ ಬಾಗಿಲು

ಸಿಂಧನೂರಿನಲ್ಲಿ ಬಸ್ಸಿಳಿದು, ಡಾಂಬರು ರಸ್ತೆ ಬಿಟ್ಟು ಓಣಿಗೆ ಕಾಲಿಟ್ಟೆನೋ ಇಲ್ಲವೋ, ನೆಲ ನನ್ನ ಚಪ್ಪಲಿಯನ್ನು ನುಂಗಿತು. ಬೆನ್ನ ಮೇಲೆ ಹನ್ನೊಂದು ವರ್ಷದ ನಿಮ್ಮ ಅವ್ವ ನೀಲಾ, ಕಂಕುಳಲ್ಲಿ ಬಟ್ಟೆಯ ಗಂಟು. ಬಗ್ಗಿ ತೆಗೆಯುವಂತಿಲ್ಲ, ಬಿಟ್ಟು ಹೋಗುವಂತಿಲ್ಲ. ಹಿಂದೆ ನನ್ನ ತಮ್ಮ, ಬಸ್ಸಿನ ಮೇಲಿಂದ ಇಳಿಸಿದ ಗಾಲಿ ಕುರ್ಚಿಯನ್ನು ತಲೆಯ ಮೇಲೆ ಹೊತ್ತು ಬರುತ್ತಿದ್ದ. ಅದರ ಗಾಲಿಗಳು ಸುಮ್ಮನೆ ಗಾಳಿಯಲ್ಲಿ ತಿರುಗುತ್ತಿದ್ದವು. ಮನುಷ್ಯರನ್ನು ಹೊರಬೇಕಾದ ಕುರ್ಚಿಯನ್ನು ಮನುಷ್ಯನೇ ಹೊತ್ತಿರುವುದನ್ನು ನೋಡಲು ಓಣಿಯ ಹೆಂಗಸರು ಬಾಗಿಲಿಗೆ ಬಂದರು.

"ಕೆಸರು ಕಂಡಿಲ್ಲೇನಬೇ ನಿಮ್ಮೂರಾಗ?" ಎಂದು ಒಬ್ಬಾಕೆ ಕೇಳಿದಳು.

ಕಂಡಿದ್ದೆ. ಆದರೆ ಮಳೆಗಾಲದಲ್ಲಿ ಕಂಡಿದ್ದೆ. ಮಳೆಯಿಲ್ಲದ ಬಿರುಬಿಸಿಲಿನಲ್ಲಿ, ಕಾಲುವೆಯ ನೀರಿಗೇ ಓಣಿ ಕೆಸರಾಗುವ ಊರನ್ನು ಅಂದೇ ಮೊದಲು ನೋಡಿದ್ದು.

ಮಕ್ಕಳೇ, "ಅಜ್ಜಿ, ನಿನ್ನ ಊರು ಯಾವುದು?" ಎಂದು ನೀವು ಕೇಳುತ್ತಲೇ ಇರುತ್ತೀರಿ. ಬಾಯಿಂದ ಹೇಳಲು ನನಗೆ ಬರುವುದಿಲ್ಲ. ನಾಲ್ಕು ಜನ ಕುಳಿತಲ್ಲಿ ನನ್ನ ಮಾತು ಗಂಟಲಲ್ಲೇ ಉಳಿಯುತ್ತದೆ. ಬರೆಯುವುದನ್ನು ಹಳ್ಳಿಯ ಸಾಲೆಯಲ್ಲಿ ಮಾಸ್ತರರು ಕಲಿಸಿದ್ದರು. ಅದಕ್ಕೇ ಕಾಗದ ಹಿಡಿದಿದ್ದೇನೆ.

ನಾನು ಮದುವೆಯಾಗಿ ಹೋದ ಮನೆ ಮುದಗಲ್ಲಿನ ಹತ್ತಿರದ ಹಳ್ಳಿಯಲ್ಲಿ. ಅಲ್ಲಿಯದು ಗರಸು ನೆಲ. ಗರಸು ಎಂದರೆ ಸಣ್ಣ ಹರಳು ಬೆರೆತ ಕೆಂಪು ಮಣ್ಣು. ಎಷ್ಟೇ ಮಳೆ ಬಿದ್ದರೂ ನೀರು ಜಾರಿಹೋಗಿ, ಸ್ವಲ್ಪ ಹೊತ್ತಿನಲ್ಲೇ ಬರಿಗಾಲಲ್ಲಿ ನಡೆಯಬಹುದು. ಮನೆ ಮಾತ್ರ ಎತ್ತರದ ಕಟ್ಟೆಯ ಮೇಲೆ, ಕಡಿದಾದ ಮೆಟ್ಟಿಲು. ಕೂಸಿದ್ದಾಗ ಬಂದ ಜ್ವರ ನೀಲಾಳ ಎರಡೂ ಕಾಲಿನ ಶಕ್ತಿಯನ್ನು ತೆಗೆದುಕೊಂಡು ಹೋಗಿತ್ತು. ನಿಮ್ಮ ಅಜ್ಜ ಅವಳನ್ನು ಹೆಗಲ ಮೇಲೆ ಕೂರಿಸಿಕೊಂಡು ಆ ಮೆಟ್ಟಿಲು ಇಳಿಯುತ್ತಿದ್ದರು. ಅವರು ತೀರಿಕೊಂಡ ಮೇಲೆ ಆ ಹೆಗಲೂ ಹೋಯಿತು. ಹಳ್ಳಿಯ ಸಾಲೆ ನಾಲ್ಕನೆಯ ಇಯತ್ತೆಗೆ ಮುಗಿಯಿತು. ಮೈದುನ ಊಟಕ್ಕೆ ಕಡಿಮೆ ಮಾಡಲಿಲ್ಲ, ಸುಳ್ಳು ಹೇಳಬಾರದು. ಆದರೆ ನೀಲಾ ಪಡಸಾಲೆಯ ಕಂಬಕ್ಕೆ ಒರಗಿ, ಹೋಗುವವರನ್ನೂ ಬರುವವರನ್ನೂ ನೋಡುತ್ತ ಕೂತುಬಿಟ್ಟಳು.

ಆಗ ಲಿಂಗಸುಗೂರಿನಲ್ಲಿ ಒಂದು ಶಿಬಿರ ನಡೆದು, ನಡೆಯಲಾಗದವರಿಗೆ ಕುರ್ಚಿ ಕೊಟ್ಟರು. ಹಾರ ಹಾಕಿದರು, ಫೋಟೋ ತೆಗೆದರು. ಯಾರ ಅಳತೆಯನ್ನೂ ತೆಗೆಯಲಿಲ್ಲ. ಹಣ್ಣು ಹಣ್ಣು ಮುದುಕರಿಗೂ ನೀಲಾಳಿಗೂ ಒಂದೇ ಕುರ್ಚಿ. ಪೆಟ್ಟಿಗೆಯ ಮೇಲೆ ನಮಗೆ ಓದಲು ಬಾರದ ಅಕ್ಷರ. ಪರದೇಶದಿಂದ ಬಂದದ್ದು ಎಂದರು. ಪೆಟ್ಟಿಗೆಯ ಮೇಲಿನ ಚಿತ್ರದಲ್ಲಿ ಬಿಳಿ ಕೂದಲಿನ ಒಬ್ಬರು ಕನ್ನಡಿಯಂಥ ನೆಲದ ಮೇಲೆ ನಗುತ್ತ ಕೂತಿದ್ದರು. ಅಂಥ ನೆಲ ನಮ್ಮ ತಾಲೂಕಿನಲ್ಲಿ ದೊಡ್ಡ ದವಾಖಾನೆಯಲ್ಲಿ ಮಾತ್ರ ಇತ್ತು. ಆ ಕಾರಖಾನೆಯವರು ಒಳ್ಳೆಯವರೇ ಇರಬೇಕು, ಎಷ್ಟೋ ಜನರಿಗೆ ಕುರ್ಚಿ ಮಾಡಿ ಕಳಿಸಿದ್ದಾರೆ. ಆದರೆ ಅವರಲ್ಲಿ ಯಾರೂ ನಮ್ಮ ಓಣಿಯಲ್ಲಿ ನಡೆದವರಲ್ಲ. ಮುಂದಿನ ಗಾಲಿಗಳು ಅಂಗೈಯಷ್ಟೇ. ಕಾಲಿಡುವ ಹಲಗೆ ನೀಲಾಳ ಪಾದಕ್ಕೆ ಸಿಗುತ್ತಿರಲಿಲ್ಲ. ಕೌದಿ ಮಡಿಚಿ ಬೆನ್ನಿಗೆ ತುರುಕಿ ಕೂರಿಸಿದೆ.

"ಅವ್ವಾ, ಇದರಾಗ ಇನ್ನೊಬ್ಬಾಕಿನ್ನ ಕುಂದ್ರಿಸಬಹುದು, ನೀನೂ ಬಾ," ಎಂದಳು.

ಮಸ್ಕಿಯಲ್ಲಿ ಟ್ರ್ಯಾಕ್ಟರ್ ಓಡಿಸುತ್ತಿದ್ದ ನನ್ನ ತಮ್ಮನೇ ಸಿಂಧನೂರಿನ ದಾರಿ ತೋರಿಸಿದ್ದು. ಅಲ್ಲಿಯ ಖಾನಾವಳಿಯೊಂದಕ್ಕೆ ಜೋಳದ ರೊಟ್ಟಿ ಬಡಿಯುವವರು ಬೇಕಾಗಿದ್ದರು. ಕಾಲುವೆ ಬಂದ ಮೇಲೆ ಆ ಸೀಮೆಯೆಲ್ಲ ಭತ್ತ. ಆಂಧ್ರದಿಂದ ಬಂದ ರೈತರು ಹೊಲಗಳ ನಡುವೆ ಕಟ್ಟಿಕೊಂಡ ಊರುಗಳಿಗೆ ಕ್ಯಾಂಪು ಎನ್ನುತ್ತಾರೆ. ಅಲ್ಲಿ ಮೂರು ಹೊತ್ತೂ ಅನ್ನ. ರೊಟ್ಟಿಗೆ ಹಂಬಲಿಸುವ ಬಸ್ಸಿನ ಡ್ರೈವರುಗಳು, ಕಚೇರಿಯ ಗುಮಾಸ್ತರು ಖಾನಾವಳಿಗೆ ಬರುತ್ತಿದ್ದರು. ಮಾತು ಬಾರದ ನನಗೆ ಹಂಚಿನ ಮುಂದಿನ ಕೆಲಸ ಸರಿಹೋಯಿತು. ರೊಟ್ಟಿ ಬಡಿಯುವ ಸಪ್ಪಳದಲ್ಲಿ ಯಾರೂ ಮಾತಾಡಿಸುವುದಿಲ್ಲ.

ನಮಗೆ ಎರಡು ಕೋಣೆ ಬಾಡಿಗೆಗೆ ಕೊಟ್ಟವರು ಗುರುಬಸಮ್ಮನವರು. ವಯಸ್ಸಾದ ಹೆಣ್ಣುಮಗಳು, ಹಣೆ ತುಂಬ ವಿಭೂತಿ. ಪಕ್ಕದ ಮನೆಯಾಕೆ ಕ್ಯಾಂಪಿನಿಂದ ಬಂದವಳು, ಸುಬ್ಬಮ್ಮ. ದಿನಾ ಎದುರಾದಾಗ "ಅನ್ನಂ ತಿನ್ನಾವಾ?" ಎನ್ನುತ್ತಿದ್ದಳು. ಊಟವಾಯಿತೇ ಎಂಬ ಅರ್ಥ. ಅನ್ನ ತಿಂದೆಯಾ ಎಂದು ಕೇಳುತ್ತಿದ್ದಾಳೆ, ನಾನು ತಿಂದದ್ದು ರೊಟ್ಟಿ, ಎಂದುಕೊಂಡು ಮೊದಲ ದಿನ ಇಲ್ಲವೆಂದು ತಲೆಯಾಡಿಸಿದೆ. ಅವಳು ತಟ್ಟೆ ತುಂಬ ಅನ್ನ, ಗೋಂಗೂರ ಚಟ್ನಿ ತಂದಳು. ಬಾಯಿಗಿಟ್ಟರೆ ನಮ್ಮ ಪುಂಡಿಪಲ್ಯ! ಹೊಸ ಊರಿನಲ್ಲಿ ಗುರುತು ಸಿಕ್ಕ ಮೊದಲ ರುಚಿ ಅದು.

ನೀಲಾಳನ್ನು ಸಾಲೆಗೆ ಸೇರಿಸಲು ಹೋದೆ. ಸಾಲೆ ನಮ್ಮ ಓಣಿಯ ತುದಿಯಲ್ಲೇ ಇತ್ತು.

"ಹುಡುಗಿ ಚುರುಕ ಅದಾಳ, ಕುಂದ್ರಿಸ್ಕೊಂತೀವಿ," ಎಂದರು ದೊಡ್ಡ ಅಕ್ಕೋರು, ಅಲ್ಲಿಯ ಮುಖ್ಯೋಪಾಧ್ಯಾಯಿನಿ. "ಇಲ್ಲಿ ಮೆಟ್ಟಲಕ್ಕ ಹುಡುಗ್ಯಾರು ಕೈ ಹಚ್ಚತಾರ. ಆದ್ರ ಇಲ್ಲಿತನಕ ದಿನಾ ಬರೋದು ನಿಮ್ಮ ಜವಾಬ್ದಾರಿ ನೋಡವ್ವ. ಒಂದಿನ ಬಂದು ಒಂದಿನ ಬಿಟ್ರ ಹೆಸರು ಹೊಡದು ಹಾಕಬೇಕಾಗ್ತದ."

ಸಾಲೆಯ ಗಂಟೆ ಹೊಡೆಯುವ ಹೊತ್ತಿಗೇ ಖಾನಾವಳಿಯಲ್ಲಿ ನನ್ನ ಹಂಚು ಕಾದಿರುತ್ತಿತ್ತು. ಹಂಚು ಬಿಟ್ಟು ಬಂದರೆ ಕೆಲಸವಿಲ್ಲ, ಬಾರದಿದ್ದರೆ ಸಾಲೆಯಿಲ್ಲ. ನೀಲಾ ತಾನೇ ಹೊರಗೆ ಹೋಗುವಂತಾಗಬೇಕು, ಅದೊಂದೇ ದಾರಿ. ಆದರೆ ಗುರುಬಸಮ್ಮನವರ ಮುಂಬಾಗಿಲಿಗೂ ಮೆಟ್ಟಿಲು, ಮೇಲೆ ಮೊಣಕಾಲೆತ್ತರದ ಹೊಸ್ತಿಲು. ಅದಕ್ಕೆ ಅವರು ದಿನಾ ಅರಿಶಿನ ಹಚ್ಚಿ, ಕುಂಕುಮವಿಟ್ಟು ಕೈಮುಗಿಯುತ್ತಿದ್ದರು. ಹೊಸ್ತಿಲು ತುಳಿಯಬಾರದೆಂದು ನಾವೂ ಹುಟ್ಟಿನಿಂದ ಕಲಿತವರೇ. ಅದರ ಮೇಲೆ ಹಲಗೆ ಹಾಕಿ ಗಾಲಿ ಓಡಿಸುತ್ತೇವೆ ಎಂದು ಯಾವ ಬಾಯಿಂದ ಕೇಳಲಿ? ಕೇಳಲಿಲ್ಲ. ಕುರ್ಚಿಯನ್ನು ಪಡಸಾಲೆಯ ಮೂಲೆಯಲ್ಲಿಟ್ಟು, ದೂಳು ಬೀಳದಂತೆ ಸೀರೆ ಹೊದಿಸಿದೆ. ಸೋಮವಾರಕ್ಕೊಮ್ಮೆ ಅದಕ್ಕೆ ವಿಭೂತಿ ಹಚ್ಚುತ್ತಿದ್ದೆ. ಬಂಡಿಗೆ, ಕೂರಿಗೆಗೆ ಹಚ್ಚುವುದಿಲ್ಲವೇ, ಹಾಗೆ.

"ಅವ್ವಾ, ಅದನ್ನ ದೇವರ ಮಾಡಿ ಕುಂದ್ರಿಸಿದಿ," ಎಂದಳು ನೀಲಾ. "ಇನ್ನ ನಾ ಎಲ್ಲಿ ಕುಂದ್ರಲಿ, ಅದರ ಮುಂದ ಗಂಟಿ ಬಾರಿಸ್ಕೊಂತ?"

ಗುರುಬಸಮ್ಮ ಒಳಗಿಂದ ಕೇಳಿಸಿಕೊಂಡರೇನೋ. ಸಂಜೆ ನಾನು ಖಾನಾವಳಿಯಿಂದ ಬಂದಾಗ ಕರೆದರು.

"ಈರಮ್ಮ, ನಿನ್ನ ಮಗಳು ಮುಂದಿನ ಬಾಗಲದಾಗ ಹೋಗಾಕ ಆಗಂಗಿಲ್ಲ. ಆ ಕಡಿಗೆ ಎತ್ತಿನ ಬಾಗಲಾ ಐತಲ್ಲ, ಅದನ್ನ ತಗಸ್ತೀನಿ. ಅದರಾಗ ಹೋಗಿ ಬರ್ಲಿ."

ಆ ಮನೆಯ ಒಂದು ಪಕ್ಕದಲ್ಲಿ ಎತ್ತು ಕಟ್ಟುವ ಕೋಣೆಯಿತ್ತು. ಅದಕ್ಕೆ ಬೇರೆಯೇ ಬಾಗಿಲು. ಊರಿಗೆ ಟ್ರ್ಯಾಕ್ಟರ್ ಬಂದ ಮೇಲೆ ಅವರು ಎತ್ತು ಮಾರಿ ಬಾಗಿಲು ಮುಚ್ಚಿದ್ದರು. ನನ್ನ ಮಗಳು ದನದ ಬಾಗಿಲಲ್ಲಿ ಓಡಾಡಬೇಕೇ? ಹಳ್ಳಿಯಲ್ಲಿ ಕಂಬಕ್ಕೆ ಒರಗಿ ಕೂತಿದ್ದಳು, ಆದರೆ ಮನುಷ್ಯರ ಪಡಸಾಲೆಯಲ್ಲಿ ಕೂತಿದ್ದಳು. "ಹೂಂ" ಎಂದು ಒಳಗೆ ಬಂದು, ಉಣ್ಣದೆ ಮಲಗಿದೆ. ಬೇರೆ ಮನೆ ನೋಡೆಂದು ಮಸ್ಕಿಯ ತಮ್ಮನಿಗೆ ಹೇಳಿಕಳಿಸಬೇಕೆಂದು ನಿಶ್ಚಯ ಮಾಡಿದೆ. ಯಾಕೆ ಉಣ್ಣಲಿಲ್ಲವೆಂದು ನೀಲಾ ಕೇಳಿದಾಗ ಹೇಳಿದೆ.

ಮರುದಿನ ಕೆಲಸ ಮುಗಿಸಿ ಓಣಿಗೆ ತಿರುಗಿದರೆ ಗೋಡೆಯ ನೆರಳಿನಲ್ಲಿ, ಹಾಸುಗಲ್ಲಿನ ಮೇಲೆ ಯಾರೋ ಕೂತಿದ್ದರು. ಹತ್ತಿರ ಹೋದರೆ ನೀಲಾ, ತನ್ನ ಕುರ್ಚಿಯಲ್ಲಿ. ಸುತ್ತ ಯಾರೂ ಇಲ್ಲ. ಹುಟ್ಟಿದಂದಿನಿಂದ ಅವಳನ್ನು ಮನೆಯ ಹೊರಗೆ, ಯಾರ ಕೈಯೂ ಮೈಮೇಲಿಲ್ಲದೆ ನಾನು ಕಂಡಿರಲಿಲ್ಲ.

"ಯಾರು ತಂದು ಕುಂದ್ರಿಸ್ಯಾರಬೇ ನಿನ್ನ?"

"ಯಾರಿಲ್ಲ. ಅಮ್ಮಾರು ಬಾಗಲಾ ತಗದ್ರು, ಸುಬ್ಬಮ್ಮತ್ತಿ ಕುರ್ಚಿಗಿ ಕುಂದ್ರಿಸಿದ್ಲು, ನಾ ಬಂದೆ." ಆಮೇಲೆ ನನ್ನ ಮುಖ ನೋಡಿ ನಕ್ಕಳು. "ಎತ್ತಿಗೆ ಎಷ್ಟು ಚಂದ ಬಾಗಲಾ ಮಾಡ್ಯಾರ ನೋಡವ್ವಾ. ಮನಷ್ಯಾರಿಗೇ ಮಾಡಿಲ್ಲ."

ಆಗ ಹೋಗಿ ನೋಡಿದೆ. ಅಗಲವಾದ ಬಾಗಿಲು. ಹೊಸ್ತಿಲಿಲ್ಲ, ಮೆಟ್ಟಿಲಿಲ್ಲ. ಒಳಗಿನಿಂದ ಓಣಿಯವರೆಗೆ ಹಾಸುಗಲ್ಲಿನ ಮೆಲ್ಲನೆಯ ಇಳಿಜಾರು. ಗೊರಸು ಜಾರದಿರಲೆಂದು ಕಲ್ಲಿಗೆ ಅಡ್ಡಗೀರು ಹೊಡೆದಿದ್ದರು, ಗಾಲಿಯೂ ಜಾರುತ್ತಿರಲಿಲ್ಲ. ಬಾಗಿಲ ಎರಡೂ ಬದಿಗೆ ಹಳೆಯ ಕುಂಕುಮದ ಕಲೆ. ಗುರುಬಸಮ್ಮ ಕೈಯಲ್ಲಿ ಕಸಬರಿಗೆ ಹಿಡಿದು ನಿಂತಿದ್ದರು.

"ನೀ ನಿನ್ನೆ ಉಂಡಿಲ್ಲಂತ, ಹುಡುಗಿ ಹೇಳಿದ್ಲು," ಎಂದರು. "ಎತ್ತು ಅಂದ್ರ ನಮ್ಮನ್ಯಾಗ ಬಸವಣ್ಣ. ಕಾರಹುಣ್ಣಿಮಿಗೆ ಆರತಿ ಮಾಡಿ ಈ ಬಾಗಲದಾಗ ಕರ್ಕೊಂತಿದ್ವಿ. ಮುಂದಿನ ಬಾಗಲದಾಗ ನನ್ನ ಸೊಸಿ ಬಂದಾಳ, ಬೀಗರು ಬಂದಾರ, ಕಂಡವರೆಲ್ಲ ಬಂದಾರ. ಇದರಾಗ ಬಸವಣ್ಣನ್ನ ಬಿಟ್ಟು ಯಾರೂ ಬಂದಿಲ್ಲ. ಎತ್ತು ಮಾರಿದ ಮ್ಯಾಲೆ ಇದನ್ನ ತಗ್ಯಾಕ ನನಗ ಮನಸ ಆಗಿರಲಿಲ್ಲ, ತಿಳೀತಾ?"

ತಿಳಿಯಿತು. ಅವರ ಕೈಯಿಂದ ಕಸಬರಿಗೆ ಇಸಿದುಕೊಂಡು ಉಳಿದದ್ದನ್ನು ಗುಡಿಸಿದೆ.

ಬಾಗಿಲು ಸಿಕ್ಕಿತು, ನೆಲ ಸಿಗಲಿಲ್ಲ. ಇಳಿಜಾರು ಮುಗಿದಲ್ಲಿ ಆ ಕರಿ ಎರೆಮಣ್ಣು. ಸಾಲೆಯ ಮೊದಲ ದಿನವೇ ಮುಂದಿನ ಪುಟ್ಟ ಗಾಲಿಗಳು ಕೆಸರಿನಲ್ಲಿ ಹೂತು, ಸುಬ್ಬಮ್ಮ "ಜಾಗ್ರತ್ತಮ್ಮಾ" ಎಂದು ಓಡಿ ಬಂದು ಎಳೆಯಬೇಕಾಯಿತು. ನನ್ನ ತಮ್ಮ ಅದನ್ನು ಕೇಳಿ ಒಂದು ಟ್ರಾಲಿ ಗರಸು ತಂದು ಸುರಿದ. ಮಸ್ಕಿಯ ಗುಡ್ಡದ ಕಡೆಯ ಕೆಂಪು ಗರಸು.

"ಅಕ್ಕಾ, ನಿಮ್ಮೂರನ್ನೇ ತಂದು ಹಾಕೀನಿ. ಇನ್ನರ ನಕ್ಕೊಂತ ಇರು," ಎಂದ.

ಎತ್ತಿನ ಬಾಗಿಲಿನಿಂದ ಸಾಲೆಯವರೆಗೆ, ಗೋಡೆಯ ಪಕ್ಕಕ್ಕೆ, ನಾವೆಲ್ಲ ಸೇರಿ ಅದನ್ನು ಹರಡಿ, ನೀರು ಹಾಕಿ ತುಳಿದೆವು. ಸುಬ್ಬಮ್ಮ ಸೀರೆ ಎತ್ತಿ ಕಟ್ಟಿ ಎಲ್ಲರಿಗಿಂತ ಜೋರಾಗಿ ತುಳಿದಳು. ನಮ್ಮ ಹೊಸ ಊರಿನಲ್ಲಿ ನನಗೆ ಸಿಕ್ಕ ದೊಡ್ಡ ಸಂತೋಷ ಅದು: ಹಂಚಿನ ಮೇಲೆ ರೊಟ್ಟಿ ಉಬ್ಬುವಾಗ ಸಾಲೆಯ ಗಂಟೆ ಕೇಳುವುದು, ನೀಲಾ ಅಲ್ಲಿ ಇದ್ದಾಳೆ ಎಂದು ಗೊತ್ತಿರುವುದು.

ಮುಂದಿನದು ನಿಮಗೆ ಗೊತ್ತೇ ಇದೆ. ಅವಳು ಎಸ್ಸೆಸ್ಸೆಲ್ಸಿ ಮುಗಿಸಿದಳು. ಊರೂರಿಗೆ ಎಸ್‌ಟಿಡಿ ಫೋನು ಬಂದ ಕಾಲಕ್ಕೆ ಅವಳಿಗೂ ಒಂದು ಬೂತು ಸಿಕ್ಕಿತು. ಅದನ್ನು ಆ ಎತ್ತಿನ ಕೋಣೆಯಲ್ಲೇ ಇಟ್ಟೆವು. ಫೋನ್ ಮಾಡಲು ಬಂದವರೆಲ್ಲ ಬಸವಣ್ಣನ ಬಾಗಿಲಿನಿಂದಲೇ ಬರಬೇಕಾಯಿತು. ನಿಮ್ಮ ಅಪ್ಪ ದಿನಾ ಸಂಜೆ ಮಸ್ಕಿಗೆ ಫೋನ್ ಮಾಡಲು ಬರುತ್ತಿದ್ದರು. ಮಸ್ಕಿಯಲ್ಲಿ ಅವರಿಗೆ ಅಷ್ಟು ಮಾತಾಡುವವರು ಯಾರೂ ಇರಲಿಲ್ಲ ಎಂಬುದು ನಮಗೆ ತಡವಾಗಿ ತಿಳಿಯಿತು. ಪರದೇಶದ ಕುರ್ಚಿ ಸವೆದುಹೋದ ಮೇಲೆ ನಮ್ಮ ಕಡೆಯೇ ತಯಾರಾದದ್ದು ಬಂತು. ಅದನ್ನು ಮಾಡುವವರು ನೀಲಾಳ ಅಳತೆ ತೆಗೆದುಕೊಂಡರು, ಓಣಿ ಹೇಗಿದೆ ಎಂದೂ ಕೇಳಿದರು. ಮೊದಲ ಕುರ್ಚಿ ಅಷ್ಟು ದೂರದಿಂದ ಬಂದಿತ್ತು, ಆದರೆ ಕೇಳಬೇಕಾದ ಮಾತು ಇಷ್ಟೇ ಇತ್ತು ಅನ್ನಿಸಿತು.

ವರ್ಷಕ್ಕೊಮ್ಮೆ ಹಳ್ಳಿಗೆ ಹೋಗುತ್ತೇವೆ. ಅಲ್ಲಿಯ ಗಟ್ಟಿ ನೆಲದ ಮೇಲೆ ನಿಮ್ಮ ಅವ್ವನ ಗಾಲಿ ತಾನಾಗಿ ಓಡುತ್ತದೆ. ಆದರೆ ನಮ್ಮ ಮನೆಯ ಮೆಟ್ಟಿಲ ಬುಡಕ್ಕೆ ಬಂದು ನಿಲ್ಲುತ್ತದೆ. ಅವಳು ಬೇವಿನ ಮರದ ಕೆಳಗೆ ಕೂತಿರುತ್ತಾಳೆ, ಒಳಗಿನವರೇ ಇಳಿದು ಬಂದು ಮಾತಾಡಿಸುತ್ತಾರೆ. ಸಂಜೆಯಾಗುತ್ತಲೇ ನನಗೆ ಸಿಂಧನೂರಿನ ಬಸ್ಸು ನೆನಪಾಗುತ್ತದೆ. ಇಲ್ಲಿಗೆ ಬಂದರೆ ಒಂದೆರಡು ದಿನ ಆ ನೆಲವೇ ಕಣ್ಣಿಗೆ ಕಟ್ಟಿರುತ್ತದೆ.

ಪ್ರತಿ ಮಳೆಗಾಲಕ್ಕೂ ಇಲ್ಲಿಯ ಕರಿ ಮಣ್ಣು ನಮ್ಮ ಗರಸನ್ನು ನುಂಗುತ್ತದೆ. ಪ್ರತಿ ಚಳಿಗಾಲಕ್ಕೂ ಇನ್ನೊಂದು ಟ್ರಾಲಿ ತರಿಸಿ ಹಾಕುತ್ತೇವೆ. ಬೆಳಿಗ್ಗೆ ಎತ್ತಿನ ಬಾಗಿಲಿಗೆ ನೀರು ಚಿಮುಕಿಸುವಾಗ ಆ ಕೆಂಪು ಪಟ್ಟಿಯಿಂದ ಮುದಗಲ್ಲಿನ ಕಡೆಯ ವಾಸನೆ ಏಳುತ್ತದೆ. ಅದು ಆರುವವರೆಗೆ ಅಲ್ಲೇ ನಿಂತಿರುತ್ತೇನೆ. ಅಷ್ಟರಲ್ಲಿ ಸುಬ್ಬಮ್ಮ ಗೋಡೆಯಾಚೆಯಿಂದ "ಅನ್ನಂ ತಿನ್ನಾವಾ?" ಎನ್ನುತ್ತಾಳೆ. ರೊಟ್ಟಿ ತಿಂದಿದ್ದರೂ ಈಗ ನಾನು ಹೌದು ಎನ್ನುತ್ತೇನೆ.