ಕೊಡದ ಮುದ್ದೆ

ವಸಂತಮ್ಮನಿಗೆ ಬಾಡಿಗೆಯವರ ಸಂಗತಿ ತಿಳಿಯಬೇಕಿದ್ದರೆ ಅವರನ್ನು ಕೇಳುವ ಅಗತ್ಯವಿರಲಿಲ್ಲ. ಬಾಗಿಲ ಮುಂದಿನ ಚಪ್ಪಲಿ ನೋಡಿದರೆ ಸಾಕಿತ್ತು. ಬೊಮ್ಮಸಂದ್ರದ ಔಷಧಿ ಕಾರ್ಖಾನೆಗೆ ಹೋಗುವ ಹುಡುಗರ ಚಪ್ಪಲಿ ಒಂದು ಉತ್ತರಕ್ಕೆ, ಒಂದು ದಕ್ಷಿಣಕ್ಕೆ ಬಿದ್ದಿದ್ದರೆ ಶಿಫ್ಟ್ ಮುಗಿಸಿ ಬಂದು ಮಲಗಿದ್ದಾರೆ ಎಂದು ಅರ್ಥ. ಹೊಸ ಜೊತೆ ಕಂಡರೆ ನೆಂಟರು ಬಂದಿದ್ದಾರೆ, ಇವತ್ತು ಟ್ಯಾಂಕಿನ ನೀರು ಬೇಗ ಮುಗಿಯುತ್ತದೆ.

"ಪೊಲೀಸ್ನೋರು ನಾಯಿ ಸಾಕೋ ಬದ್ಲು ಇವ್ಳನ್ನ ಕರ್ಕೊಂಡೋದ್ರೆ ಆಗೋದು" ಎಂದು ಗಂಡ ಆಂಜಿನಪ್ಪ ನಗುತ್ತಿದ್ದ.

"ನಾಯಿಗಾದ್ರೂ ಒತ್ತೊತ್ತಿಗೆ ಯಾರಾದ್ರೂ ಅನ್ನ ಆಕ್ತಾರೆ" ಎಂದು ಅವಳು ಅಲ್ಲೇ ತಿರುಗಿಸಿ ಕೊಡುತ್ತಿದ್ದಳು.

ಅವಳು ಹುಟ್ಟಿನಿಂದ ಹೀಗಿದ್ದವಳಲ್ಲ. ಮದುವೆಯಾಗಿ ಬಂದಾಗ ಈ ಮನೆಯ ಮುಂದೆ ರಾಗಿ ಹೊಲವಿತ್ತು, ಅದರಾಚೆ ಹಿಪ್ಪುನೇರಳೆ ತೋಟ. ಒಂದು ದಿನ ಇಬ್ಬರು ಬಂದು ಮಾವನನ್ನು 'ಅಪ್ಪಾಜಿ' ಎಂದು ಕರೆದು, ಜಗಲಿಯ ಮೇಲೆ ಕೂತು ಕಾಫಿ ಕುಡಿದು, ಬೋರ್‌ವೆಲ್ಲಿಗೆ ಅರ್ಜಿ ಎಂದು ಹೆಬ್ಬೆಟ್ಟು ಒತ್ತಿಸಿಕೊಂಡು ಹೋದರು. ಬೋರ್‌ವೆಲ್ ಬರಲಿಲ್ಲ, ಬೇಲಿ ಬಂತು. ಆ ಕಾಫಿ ಮಾಡಿಕೊಟ್ಟವಳು ವಸಂತಮ್ಮನೇ. ಅಂದಿನಿಂದ ನಯವಾಗಿ ಮಾತಾಡುವವರನ್ನು ಕಂಡರೆ ಅವಳ ಹುಬ್ಬು ತಾನಾಗಿಯೇ ಮೇಲೇರುತ್ತಿತ್ತು. ಉಳಿದ ತುಂಡು ಜಾಗದಲ್ಲಿ ಈ ಬಾಡಿಗೆ ಕಟ್ಟಡ ಎದ್ದಿತು.

ಊರೆಲ್ಲರ ಮೇಲೆ ಅನುಮಾನ ಪಡುವ ಹೆಂಗಸು ತಾನೂ ಒಂದು ವಿಷಯ ಮುಚ್ಚಿಟ್ಟಿದ್ದಳು. ಕೆಳಗಿನ ಹಿಂದಿನ ರೂಮಿನಲ್ಲಿ ಅವಳ ಅತ್ತೆ ಅಶ್ವತ್ಥಮ್ಮ ತೀರಿಕೊಂಡಿದ್ದಳು. ಲಕ್ವ ಹೊಡೆದು ನುಂಗುವ ಶಕ್ತಿ ಹೋಗಿತ್ತು. ಗಂಜಿ ಬಿಟ್ಟು ಬೇರೇನೂ ಕೊಡಬೇಡಿ, ಉಸಿರಿನ ದಾರಿಗೆ ಇಳಿದರೆ ಅಪಾಯ ಎಂದು ಡಾಕ್ಟರು ಎಚ್ಚರಿಸಿದ್ದರು. ಕೊನೆಯ ದಿನ ಮುದುಕಿ ಮುದ್ದೆ ಕೇಳಿದಳು. ವಸಂತಮ್ಮ ಕೊಡಲಿಲ್ಲ. "ಉಪ್ವಾಸ ಸಾಯಿಸ್ತೀಯೇನೇ" ಎಂದು ಅತ್ತೆ ತೊದಲಿದ್ದು ತವರಿಗೆ ಬಂದಿದ್ದ ನಾದಿನಿ ಪಿಳ್ಳಮ್ಮನ ಕಿವಿಗೂ ಬಿತ್ತು. ದೀಪ ಹಚ್ಚುವ ಹೊತ್ತಿಗೆ ಅಶ್ವತ್ಥಮ್ಮ ಇರಲಿಲ್ಲ.

ತಿಥಿಯ ದಿನ ಪಿಳ್ಳಮ್ಮ ಎಡೆಯಲ್ಲಿ ಮುದ್ದೆ ಇಟ್ಟು, ನೆಂಟರಿಗೆಲ್ಲ ಕೇಳುವ ಹಾಗೆ, "ಈಗ್ಲಾದ್ರೂ ಒಟ್ಟೆ ತುಂಬ ತಿನ್ನಮ್ಮ, ತಡೆಯೋರು ಯಾರೂ ಇಲ್ಲ" ಎಂದಳು. ನೆಂಟರು ವಸಂತಮ್ಮನ ಮುಖ ನೋಡಿದರು. ಮದುವೆಯಾದಾಗಿನಿಂದ ಅತ್ತೆಯ ಜೊತೆ ಜಗಳವಾಡಿದ ಸೊಸೆ ಅತ್ತರೂ ಯಾರು ನಂಬುತ್ತಾರೆ? ಅವಳು ಅಳಲಿಲ್ಲ. ಅಡುಗೆ ಬಡಿಸಿದಳು.

ಸತ್ತ ಗಳಿಗೆಯ ನಕ್ಷತ್ರವೂ ಕೆಟ್ಟದಾಗಿತ್ತು, ಮನೆ ಬಿಡಬೇಕೆಂದು ಜೋಯಿಸರು ಹೇಳಿದರು. ಬಾಡಿಗೆಯವರು ತುಂಬಿದ ಕಟ್ಟಡ ಬಿಡುವುದು ಹೇಗೆ? ಆ ರೂಮಿಗೆ ಮಾತ್ರ ಬೀಗ ಹಾಕಿ, ಬಾಗಿಲಿಗೆ ಜಾಲಿ ಮುಳ್ಳು ಕಟ್ಟಿ, ಹೇಳಿದಷ್ಟು ತಿಂಗಳು ಮುಚ್ಚಿಟ್ಟರು. ಆಮೇಲೆ ಶಾಂತಿ ಮಾಡಿಸಿ, ಸುಣ್ಣ ಬಳಿದು, ಊರಿನ ಸುದ್ದಿ ತಿಳಿಯದ ದೂರದ ಹುಡುಗಿಯೊಬ್ಬಳಿಗೆ ಬಾಡಿಗೆಗೆ ಕೊಟ್ಟರು. ಅವಳಿಗೆ ಏನೂ ಹೇಳಲಿಲ್ಲ.

ಹುಡುಗಿಯ ಹೆಸರು ಸ್ಫೂರ್ತಿ. ಹಾವೇರಿ ಕಡೆಯವಳು, ಹಣೆಯಲ್ಲಿ ತೆಳ್ಳಗೆ ವಿಭೂತಿ, ಕೊರಳಲ್ಲಿ ಲಿಂಗ. ಎಲೆಕ್ಟ್ರಾನಿಕ್ ಸಿಟಿಯಲ್ಲಿ ಕೆಲಸ, ವಾರದಲ್ಲಿ ಕೆಲವು ದಿನ ಮನೆಯಿಂದಲೇ.

"ಏನವ್ವಾ ನಿನ್ ಕೆಲ್ಸ?" ಎಂದು ವಸಂತಮ್ಮ ಮೊದಲೇ ವಿಚಾರಿಸಿದ್ದಳು.

"ಆಟ ಆಡೋದ್ರಿ ಆಂಟಿ. ಕಂಪ್ಯೂಟರ್ ಆಟ. ಆಡಿ, ಎಲ್ಲಿ ತಪ್ಪೈತಿ ಅಂತ ಬರದು ಕಳಸೋದು."

"ಆಟ ಆಡುದ್ರೆ ಸಂಬ್ಳ ಕೊಡ್ತಾರಾ?"

"ಕೊಡ್ತಾರ್ರಿ."

ವಸಂತಮ್ಮ ಅಡುಗೆಮನೆಗೆ ಬಂದು ಗಂಡನಿಗೆ, "ಆ ಉಡ್ಗಿ ಸುಳ್ಳೇಳ್ತಾ ಅವ್ಳೆ" ಎಂದಳು. ಆದರೂ ಬಾಡಿಗೆ ಸರಿಯಾಗಿ ಬರುತ್ತಿತ್ತು, ಚಪ್ಪಲಿ ಒಂದೇ ಜೊತೆ ಇರುತ್ತಿತ್ತು. ಸುಮ್ಮನಾದಳು.

ಬಟ್ಟೆ ಒಗೆಯುವ ಕಲ್ಲು ಆ ರೂಮಿನ ಕಿಟಕಿಯ ಕೆಳಗಿತ್ತು. ಒಂದು ಮಧ್ಯಾಹ್ನ ವಸಂತಮ್ಮ ಬೆಡ್‌ಶೀಟ್ ಉಜ್ಜುತ್ತಿದ್ದಾಗ ಒಳಗಿನಿಂದ ಸ್ಫೂರ್ತಿ ಯಾರೊಂದಿಗೋ ಫೋನಿನಲ್ಲಿ ಮಾತಾಡುವುದು ಕೇಳಿಸಿತು.

"ಸೊಸಿನ ನೋಡಲೇ ನೀ. ಮುದುಕಿ ಪಾಪ ಬಾಯಿ ತಗೀತಾಳ, ಈಕಿ ಕೈ ಹಿಂದಕ್ಕ ತಗೋತಾಳ. ಅದ ರೂಮಿನ್ಯಾಗ ಮುದುಕಿ ಸಾಯ್ತಾಳ. ಎಷ್ಟು ಸಲ ನೋಡಿದ್ರೂ ತಪ್ಪು ಸೊಸಿದ ಅನಸ್ತೈತಿ... ಹೂಂ, ಈ ಮನ್ಯಾಗ ಎಲ್ಲಾರೂ ಏನೋ ಒಂದು ಮುಚ್ಚಿಟ್ಟಾರ."

ವಸಂತಮ್ಮನ ಕೈಯಲ್ಲಿದ್ದ ಬ್ರಷ್ ನಿಂತಿತು. ನಲ್ಲಿ ನೀರು ಬಕೆಟ್ ತುಂಬಿ ಹರಿಯಿತು. ಹನಿ ನೀರಿಗೂ ಬೈಯುವವಳಿಗೆ ಅದು ಕಾಣಲಿಲ್ಲ.

ಯಾರು ಹೇಳಿದ್ದು? ಮನಸ್ಸಿಗೆ ಮೊದಲು ಬಂದವಳು ಪಿಳ್ಳಮ್ಮ. ಒಗೆಯುವುದು ಬಿಟ್ಟು ಫೋನು ಮಾಡಿದಳು.

"ಏನ್ ಪಿಳ್ಳಿ, ಯುಗಾದಿಗೆ ಬಂದಾಗ ಇಂದ್ಗಡೆ ರೂಮಿನ್ ಉಡ್ಗಿ ಜೊತೆ ಮಾತಾಡಿದ್ಯಾ?"

"ಕುಡಿಯಾಕೆ ನೀರ್ ಕೇಳ್ದೆ, ಕೊಟ್ಲು. ಯಾಕತ್ಗೆ?"

"ಸುಮ್ನೆ ಕೇಳ್ದೆ."

"ಕೇಳುದ್ರೆ ಕೊಡೋರೂ ಅವ್ರೆ ನೋಡು ನಿಮ್ಮನೇಲಿ" ಎಂದು ಪಿಳ್ಳಮ್ಮ ಫೋನಿಟ್ಟಳು.

ಆಮೇಲೆ ಗಂಡ. "ನೀವೇನಾರ ಬಾಯ್ ಬಿಟ್ರಾ?"

"ಬಾಯ್ ಬಿಡಾಕೆ ನಂಗೆ ಯಾವತ್ತು ಜಾಗ ಕೊಟ್ಟಿದೀಯ ನೀನು?" ಎಂದು ಆಂಜಿನಪ್ಪ ಟವೆಲ್ ಹೆಗಲಿಗೆ ಹಾಕಿಕೊಂಡು ಬೇಕರಿಯ ಕಡೆ ನಡೆದ.

ಮಾರನೆಯ ದಿನ ಬೆಳಿಗ್ಗೆ ದೇವರಿಗೆ ದೀಪ ಹಚ್ಚುವಾಗಲೂ ಅವಳ ಕಿವಿ ಹಿಂದಿನ ರೂಮಿನ ಕಡೆಗೇ ಇತ್ತು. ಒಳಗೆ ಮುದುಕಿಯೊಬ್ಬಳು ನರಳುತ್ತಿದ್ದಳು. ವಸಂತಮ್ಮನ ಕೈಯಲ್ಲಿದ್ದ ಬೆಂಕಿಕಡ್ಡಿ ಬೆರಳಿನವರೆಗೆ ಉರಿಯಿತು. ಹಿತ್ತಲಿಗೆ ಹೋಗಿ ನೋಡಿದಳು. ಬಾಗಿಲ ಮುಂದೆ ಒಂದೇ ಜೊತೆ ಚಪ್ಪಲಿ. ಆದರೆ ದನಿ ಎರಡು, ಹುಡುಗಿಯದೊಂದು, ಮುದುಕಿಯದೊಂದು.

ಇನ್ನು ತಡೆಯಬಾರದು ಎನಿಸಿತು. ಈ ಹುಡುಗಿ ಅತ್ತೆಯ ಸಾವನ್ನು ಹೊರಗೆಲ್ಲ ಹರಡುವ ಮೊದಲು ರೂಮು ಖಾಲಿ ಮಾಡಿಸಬೇಕು. ಬಾಗಿಲು ತಟ್ಟಿದಳು.

"ನಲ್ಲಿ ಸೋರ್ತಾ ಐತಾ ಅಂತ ನೋಡಾಣ ಅಂತ ಬಂದೆ."

"ಬರ್ರಿ ಆಂಟಿ, ಒಳಗ ಬರ್ರಿ. ನಲ್ಲಿ ಚೊಲೋ ಐತ್ರಿ."

ರೂಮಿನಲ್ಲಿ ಬೇರೆ ಯಾರೂ ಇರಲಿಲ್ಲ. ಅತ್ತೆಯ ಮಂಚವಿದ್ದ ಜಾಗದಲ್ಲಿ ಮೇಜು, ಅದರ ಮೇಲೆ ದೊಡ್ಡ ಪರದೆ. ಪರದೆಯಲ್ಲಿ ಹಿಮ ಬೀಳುತ್ತಿರುವ ಗುಡ್ಡ, ಕಲ್ಲಿನ ಮನೆ, ಒಳಗೆ ಹಾಸಿಗೆಯ ಮೇಲೆ ಬೆಳ್ಳಗಿನ ಮುದುಕಿ. ನರಳುತ್ತಿದ್ದವಳು ಅವಳೇ.

"ಯಾರದು?" ಎಂದಳು ವಸಂತಮ್ಮ, ನಲ್ಲಿಯನ್ನು ಮರೆತು.

"ಇದ ನನ್ನ ಕೆಲಸಾರಿ. ಮುಚ್ಚಿದ್ದ ಮನಿಗೆ ಮೊಮ್ಮಗಳು ವಾಪಸ್ ಬರ್ತಾಳ. ಆ ಮನ್ಯಾಗ ಎಲ್ಲಾರೂ ತೀರಿಕೊಂಡಾರ. ಯಾವ ಸಾಮಾನು ಮುಟ್ಟಿದ್ರೂ ಅದನ್ನ ಹಿಡಿದಿದ್ದವರ ಕತಿ ಬರ್ತೈತಿ. ಕನ್ನಡದಾಗೂ ತರಾಕತ್ತಾರ, ನೋಡ್ರಿ, ಕೆಳಗ ಅಕ್ಷರ ಬರ್ತಾವ."

"ಯಾರನ್ ವಡೀಬೇಕು ಇದ್ರಲ್ಲಿ?"

"ಯಾರನ್ನೂ ಹೊಡಿಯಂಗಿಲ್ರಿ. ಸುಮ್ನ ಅಡ್ಡಾಡೋದು, ನೋಡೋದು."

"ಗೆಲ್ಲೋದ್ಯಾರು?"

"ಯಾರೂ ಗೆಲ್ಲಂಗಿಲ್ರಿ."

"ಅಂಗಾದ್ರೆ ಅದೆಂಥ ಆಟ?" ಎಂದಳು ವಸಂತಮ್ಮ. ತನ್ನ ಬಾಯಿ ಮುಚ್ಚಿಸಲು ಹುಡುಗಿ ಕಟ್ಟಿದ ಕತೆ ಇರಬಹುದು ಎನಿಸಿತು. "ಎಲ್ಲಿ, ನಂಗ್ ಕೊಡು."

ಸ್ಫೂರ್ತಿ ನಗುತ್ತ ಆಟವನ್ನು ಹೊಸ್ತಿಲಿಗೆ ತಂದು ನಿಲ್ಲಿಸಿ, ಕಂಟ್ರೋಲರನ್ನು ಅವಳ ಕೈಗಿಟ್ಟು, ಯಾವ ಗುಂಡಿ ಒತ್ತಿದರೆ ನಡೆಯುತ್ತದೆ ಎಂದು ತೋರಿಸಿದಳು. ವಸಂತಮ್ಮ ಎರಡು ಸಲ ಗೋಡೆಗೆ ಡಿಕ್ಕಿ ಹೊಡೆದು, ಮೂರನೆಯ ಸಲ ಒಳಗೆ ನುಗ್ಗಿದಳು. ಮೊದಲು ನೋಡಿದ್ದು ಬಾಗಿಲ ಪಕ್ಕದ ಬೂಟುಗಳನ್ನು. ಆಮೇಲೆ ಕಪಾಟಿನ ಹಿಂದೆ, ಒಲೆಯ ಒಳಗೆ, ಹಾಸಿಗೆಯ ಕೆಳಗೆ.

"ಅಲ್ಲೇನೂ ಇಲ್ರಿ ಆಂಟಿ."

"ನೀ ಸುಮ್ಕಿರು. ಇಲ್ಲ ಅನ್ನೋ ಕಡೇನೇ ಇರೋದು."

ಮೇಜಿನ ಮೇಲೆ ಮರದ ಚಮಚವಿತ್ತು. ಮುಟ್ಟಿದ ಕೂಡಲೇ ಹಿಮ ನಿಂತಿತು, ಬೆಳಕು ಬದಲಾಯಿತು. ಈಗ ಪರದೆಯಲ್ಲಿ ಕಾಣುವ ಕೈ ಮೊಮ್ಮಗಳದಲ್ಲ, ಸೊಸೆಯದು. ಎದುರಿಗೆ ಮುದುಕಿ. ವಸಂತಮ್ಮ ಏಳನೇ ಕ್ಲಾಸಿನವರೆಗೆ ಕಲಿತ ಕನ್ನಡವನ್ನು ಒಂದೊಂದೇ ಅಕ್ಷರ ಕೂಡಿಸಿ ಓದಿದಳು: 'ವೈದ್ಯರು ಬೇಡ ಎಂದಿದ್ದಾರೆ. ಆದರೂ ಒಂದು ಚೂರು ರೊಟ್ಟಿ ಕೊಡು.'

ಅವಳು ಓದಿ ಮುಗಿಸಿದ ಮೇಲೂ ಆಟ ಕಾಯುತ್ತಿತ್ತು. ಒಂದು ಗುಂಡಿ ಒತ್ತಿದರೆ ಕೊಡುವುದು, ಇನ್ನೊಂದು ಒತ್ತಿದರೆ ಕೈ ಹಿಂದಕ್ಕೆ ತೆಗೆಯುವುದು. ವಸಂತಮ್ಮ ಕೈ ಹಿಂದಕ್ಕೆ ತೆಗೆದಳು. ಮುದುಕಿ ಮುಖ ತಿರುಗಿಸಿದಳು. ಕಿಟಕಿಯ ಬೆಳಕು ಆರಿತು. ಮುದುಕಿ ಸತ್ತಳು.

ವಸಂತಮ್ಮ ಕಂಟ್ರೋಲರನ್ನು ಬಿಡದೆ, "ತಿರ್ಗಾ ಆಕು" ಎಂದಳು.

ಈ ಸಲ ಕೊಟ್ಟಳು. ಮುದುಕಿ ರೊಟ್ಟಿಯ ಚೂರನ್ನು ಬಾಯಿಗಿಟ್ಟುಕೊಂಡು ಕಣ್ಣು ಮುಚ್ಚಿದಳು. ಕಿಟಕಿಯ ಬೆಳಕು ಆರಿತು. ಮುದುಕಿ ಸತ್ತಳು.

"ಏನಿದು? ಕೊಟ್ರೂ ಸಾಯ್ತಾಳಾ?"

"ಹೂನ್ರಿ, ಎರಡರಾಗೂ ಸಾಯ್ತಾಳ. ಇದು ತಪ್ಪಿರಬೇಕು ಅಂತ ನಾನೂ ಬರದು ಕಳಿಸಿದ್ದೆ. ತಪ್ಪಲ್ಲ, ಬೇಕಂತನ ಹಂಗ ಮಾಡೀವಿ ಅಂದ್ರು. ನಿನ್ನಿ ಫೋನಿನ್ಯಾಗ ನನ್ನ ಗೆಳತಿ ಜೋಡಿ ಇದ ಮಾತಾಡಾಕತ್ತಿದ್ದೆ. ಆಕಿನೂ ಇದ ಆಟ ನೋಡಾಕತ್ತಾಳ."

"ಮೂರ್ನೇದೇನೋ ಇರ್ಬೇಕು. ಉಳಿಸ್ಕೊಳ್ಳೋ ದಾರಿ. ನೀನು ನಂಗೆ ತೋರ್ಸ್ತಾ ಇಲ್ಲ."

"ಇಲ್ರಿ ಆಂಟಿ. ನಾನೂ ಬಾಳ ಹುಡುಕೀನಿ."

ಹುಡುಗಿಯ ಮುಖದಲ್ಲಿ ನಯವಿತ್ತು, ಆದರೆ ಬೋರ್‌ವೆಲ್ಲಿನವರ ನಯವಲ್ಲ. ವಸಂತಮ್ಮ ಕಂಟ್ರೋಲರನ್ನು ಮಡಿಲಲ್ಲಿಟ್ಟುಕೊಂಡು ನೆಲವನ್ನೇ ನೋಡುತ್ತ, "ನಾನೂ ಕೊಡ್ಲಿಲ್ಲ ಕಣವ್ವಾ" ಎಂದಳು. "ನಮ್ಮತ್ತೆ ಮುದ್ದೆ ಕೇಳುದ್ಲು. ಈ ರೂಮಲ್ಲೇ. ನೀನು ಕುಂತಿರೋ ಜಾಗದಲ್ಲೇ ಮಂಚ ಇತ್ತು." ಮಾತು ಹೊರಬಿದ್ದ ಮೇಲೆ ಅವಳಿಗೆ ಗಾಬರಿಯಾಯಿತು. "ಖಾಲಿ ಮಾಡ್ತೀಯಾ ಈಗ?"

"ಯಾಕ್ರಿ? ಈ ರೂಮಿನ್ಯಾಗ ಯಾರೋ ತೀರಿಕೊಂಡಾರಂತ ಬಂದ ದಿನನ ಗೊತ್ತಾಗಿತ್ತು. ಬಾಗಲಾ ಒರಸುವಾಗ ಜಾಲಿ ಮುಳ್ಳು ಚುಚ್ಚಿತ್ತು. ಓಣ್ಯಾಗ ಕೇಳಿದೆ, ಯಾಕ ಕಟ್ತಾರಂತ ಹೇಳಿದ್ರು. ನಮ್ಮಾಗ ಸತ್ತವರ ಸೂತಕ ಹಿಡಿಯಂಗಿಲ್ರಿ. ಲಿಂಗೈಕ್ಯ ಆದ್ರು ಅಂತೀವಿ, ಅಷ್ಟ." ಮತ್ತೆ ಸೇರಿಸಿದಳು: "ನೀವು ಯಾಕ ಹೇಳಲಿಲ್ಲ ಅಂತ ನನಗ ಸಂಶೇ ಇತ್ತು. ದಿನಾ ಕಿಟಕ್ಯಾಗ ಇಣುಕಿ ನೋಡ್ತಿದ್ರಿ. ನನ್ನ ಹೊರಗ ಹಾಕ್ತೀರಿ ಅಂತ ಹೆದರಿದ್ದೆ."

"ನಾನೆಲ್ಲಿ ಇಣುಕ್ದೆ! ಬಟ್ಟೆ ಒಗೀತಿದ್ದೆ."

"ಬಟ್ಟಿ ಇಲ್ಲದ ದಿನಾನೂ ಒಗೀತಿದ್ರಿ ಆಂಟಿ."

ವಸಂತಮ್ಮನಿಗೆ ನಗು ಬಂತು, ನಗುವಿನ ಹಿಂದೆಯೇ ಅಳು. ತಿಥಿಯಲ್ಲಿ ಬಾರದ ಅಳು ಹಾವೇರಿಯ ಹುಡುಗಿಯ ಮುಂದೆ ಬಂತು. ಸ್ಫೂರ್ತಿ ಫ್ಯಾನಿನ ವೇಗ ಕಡಿಮೆ ಮಾಡಿ, ಒಂದು ಲೋಟ ನೀರು ಕೊಟ್ಟಳು.

ಸಂಜೆ ದೀಪ ಹಚ್ಚಿ, ದೇವರ ಪಟದ ಮುಂದೆ ಕೂತೇ ಪಿಳ್ಳಮ್ಮನಿಗೆ ಮತ್ತೆ ಫೋನು ಮಾಡಿದಳು.

"ಅಮ್ಮ ಮುದ್ದೆ ಕೇಳುದ್ಲು, ನಾನು ಕೊಡ್ಲಿಲ್ಲ ಪಿಳ್ಳಿ. ನೀನು ತಿರುಗ್ಸಿ ಮುರುಗ್ಸಿ ಅನ್ನೋದು ಬ್ಯಾಡ. ನಾನೇ ಯೋಳ್ತಾ ಇವ್ನಿ. ಏನ್ ಬೈತೀಯೋ ಬೈಯಿ."

ಆ ಕಡೆಯಿಂದ ಬೈಗುಳ ಬರಲಿಲ್ಲ. ಪಿಳ್ಳಮ್ಮನ ಮನೆ ಮುಂದಿನ ಸರ್ಜಾಪುರದ ರಸ್ತೆಯ ಲಾರಿ ಸದ್ದು ಮಾತ್ರ ಕೇಳುತ್ತಿತ್ತು.

"ಪಿಳ್ಳಿ?"

"ಅವತ್ ಬೆಳಿಗ್ಗೆ ನೀನು ಮಾತ್ರೆ ತರಾಕೆ ಓಗಿದ್ದೆ ನೋಡು" ಎಂದಳು ಪಿಳ್ಳಮ್ಮ. ದನಿ ಸಣ್ಣದಾಗಿತ್ತು. "ಅವಾಗ ಅಮ್ಮ ನನ್ನೇ ಕೇಳುದ್ಲು ಅತ್ಗೆ. ಬಿಸಿ ಮುದ್ದೆ ಅಲ್ಲೇ ಒಲೆ ಮೇಲಿತ್ತು. ನಂಗೆ ದಿಗಿಲಾಯ್ತು. ಅತ್ಗೆ ಬರ್ಲಿ, ಅವ್ಳನ್ನೇ ಕೇಳು ಅಂದ್ಬಿಟ್ಟೆ. ಅದ್ಕೇ ಅವ್ಳು ನಿನ್ನ ಕೇಳಿದ್ದು."

ನಿಜ ಹೇಳುತ್ತಿದ್ದಾಳೋ, ಅಣ್ಣನ ಮನೆಯ ದಾರಿ ಉಳಿಸಿಕೊಳ್ಳಲು ಹೇಳುತ್ತಿದ್ದಾಳೋ? ವಸಂತಮ್ಮನ ಅನುಮಾನ ಎಂದಿನಂತೆ ತಲೆಯೆತ್ತಿತು. ಆದರೆ ಬಿಸಿ ಮುದ್ದೆ ಒಲೆಯ ಮೇಲಿದ್ದದ್ದು ನಿಜ. ಅದನ್ನು ಕಟ್ಟಿಟ್ಟು ಹೋದವಳು ತಾನೇ.

"ಇರಿಯರ ಹಬ್ಬಕ್ಕೆ ಬಾ" ಎಂದಳು ಕೊನೆಗೆ. "ಮುದ್ದೆ ನೀನೇ ಕಟ್ಟು. ನಾನೂ ಒಂದು ಕಟ್ತೀನಿ."

ಹಬ್ಬದ ದಿನ ಸ್ಫೂರ್ತಿ ತನ್ನ ಮೇಜನ್ನು ಪಕ್ಕಕ್ಕೆ ಸರಿಸಿ ಜಾಗ ಮಾಡಿಕೊಟ್ಟಳು. ಮಂಚವಿದ್ದ ಕಡೆ ಬಾಳೆಲೆ ಹಾಕಿ, ಅಶ್ವತ್ಥಮ್ಮನ ಸೀರೆ ಮಡಿಸಿಟ್ಟು, ಬಸ್ಸಾರಿನ ಪಕ್ಕ ಎರಡು ಮುದ್ದೆ ಇಟ್ಟರು. ಪಿಳ್ಳಮ್ಮ ಈ ಸಲ ಗಟ್ಟಿಯಾಗಿ ಏನೂ ಅನ್ನಲಿಲ್ಲ. ಆಂಜಿನಪ್ಪ ಧೂಪ ಹಾಕಿ ಕೈ ಮುಗಿದ. ಹಿರಿಯರು ಬಂದು ಉಣ್ಣಲೆಂದು ಬಾಗಿಲೆಳೆದುಕೊಂಡು ಎಲ್ಲರೂ ಹಿತ್ತಲಿಗೆ ಬಂದು ನಿಂತರು.

ಕಿಟಕಿ ಮುಚ್ಚುವುದನ್ನು ಮರೆತಿದ್ದರು. ಧೂಪದ ಹೊಗೆ ಅದರಿಂದ ಹೊರಗೆ ಬರುತ್ತಿತ್ತು. ಒಗೆಯುವ ಕಲ್ಲಿನ ಪಕ್ಕ ನಿಂತಿದ್ದ ವಸಂತಮ್ಮನಿಗೆ ಕತ್ತು ಸ್ವಲ್ಪ ಹೊರಳಿಸಿದರೆ ಸಾಕಿತ್ತು, ಒಳಗಿನದೆಲ್ಲ ಕಾಣುತ್ತಿತ್ತು.

"ನೋಡ್ಬ್ಯಾಡ ಅತ್ಗೆ" ಎಂದು ಪಿಳ್ಳಮ್ಮ ಪಿಸುಗುಟ್ಟಿದಳು.

"ಯಾರ್ ನೋಡ್ತಾ ಅವ್ರೆ?" ಎಂದು ವಸಂತಮ್ಮ ಕಿಟಕಿಗೆ ಬೆನ್ನು ಮಾಡಿ ನಿಂತಳು.